ಹನ್ನೊಂದನೆಯ ಗೂಡಿನ ಮೇಲೆ ಬಂದ ಮಳೆ

ಹೋದ ವಾರ ಬೆಂಜ್ ಸರ್ಕಲ್ ಹತ್ತಿರ, ಫ್ಲೈಓವರ್ ಕೆಲಸದ ಧೂಳಿಗೆ ಸೆರಗಿನಿಂದ ಮೂಗು ಮುಚ್ಚಿಕೊಂಡು ಮಡಕೆ ಮಾರುತ್ತಿದ್ದ ಹೆಂಗಸಿನಿಂದ ಒಂದು ಮಣ್ಣಿನ ಹರವಿ ತಂದೆ. ಫ್ರಿಜ್ ಇರುವ ಮನೆಗೆ ಹರವಿ ಯಾಕೆ ಎಂದು ಹೆಂಡತಿ ಕೇಳಿದಳು. ಫ್ರಿಜ್ಜಿನ ನೀರು ಕುಡಿದರೆ ನನಗೆ ಗಂಟಲು ಕಟ್ಟುತ್ತದೆ, ಗಂಟಲು ಕಟ್ಟಿದರೆ ಜ್ವರ, ಜ್ವರ ಬಂದರೆ ಅದು ಯಾವ ಜ್ವರವೋ ಎಂಬ ಚಿಂತೆ... ಐವತ್ತೆರಡು ವರ್ಷಗಳಿಂದ ಈ ಸರಪಳಿಯನ್ನು ಎಳೆದುಕೊಂಡೇ ಓಡಾಡುತ್ತಿದ್ದೇನೆ. ಅವಳಿಗೆ ಅದರ ಕೊಂಡಿ ಕೊಂಡಿಯೂ ಬಾಯಿಪಾಠ. "ಸರಿ, ಇಡ್ರೀ ಅತ್ಲಾಗೆ," ಎಂದಳು.

ಭವಾನಿಪುರಂನ ಈ ಬಾಡಿಗೆ ಮನೆಯ ಹಿಂದಿನ ವರಾಂಡದಲ್ಲಿ, ನಮ್ಮ ದಾವಣಗೆರೆ ಕಡೆ ಮಾಡುವ ಹಾಗೆ, ಮೊಳದಗಲ ಮರಳು ಹರಡಿದೆ. ನಡುವೆ ಹರವಿ ಕೂರಿಸಿದೆ. ಸುತ್ತ ಒಂದು ಹಿಡಿ ಮೆಂತ್ಯ ಉದುರಿಸಿದೆ. ಹರವಿ ತಂಪಾಗಿರಲಿ ಎಂದು ಮರಳಿಗೆ ನೀರು ಹಾಕುವುದು, ಆ ತೇವಕ್ಕೆ ಮೆಂತ್ಯ ಮೊಳೆತು ಒಂದು ಹೊತ್ತಿನ ಪಲ್ಯಕ್ಕಾಗುವುದು, ನಮ್ಮಲ್ಲಿ ಬೇಸಿಗೆಯ ಸಣ್ಣ ಲಾಭ. ಚೊಂಬಿನಿಂದ ನೀರು ಸುರಿದೆ. ವಿಜಯವಾಡದ ಮೇ ತಿಂಗಳು; ಕಾದ ಮರಳು ನೀರನ್ನು ಒಂದೇ ಗುಟುಕಿಗೆ ಎಳೆದುಕೊಂಡು ಒಂದು ವಾಸನೆ ಬಿಟ್ಟಿತು. ಚೊಂಬು ಹಿಡಿದುಕೊಂಡು ಅಲ್ಲೇ ಕುಕ್ಕರಗಾಲಿನಲ್ಲಿ ಕೂತುಬಿಟ್ಟೆ.

ಆ ವಾಸನೆಯ ಹಿಂದೆ ಒಬ್ಬ ಮುದುಕನಿದ್ದಾನೆ. ಭೀಮುನಿಪಟ್ಟಣದ ಕಡಲ ದಂಡೆಯಲ್ಲಿ ಆಮೆಯ ಮೊಟ್ಟೆ ಕಾಯುತ್ತಿದ್ದವನು. ತೆಲುಗಿನಲ್ಲಿ ಗುಡ್ಡು ಎಂದರೆ ಮೊಟ್ಟೆ. ಊರೆಲ್ಲ ಅವನನ್ನು ಗುಡ್ಲ ತಾತ ಎಂದು ಕರೆಯುತ್ತಿತ್ತು. ನನಗೂ ಅವನಿಗೂ ಹೆಚ್ಚೆಂದರೆ ಹದಿನೈದು ವರ್ಷದ ಅಂತರ. ಆದರೂ ನಾನು ತಾತಾ ಎಂದೇ ಕರೆದೆ. ಇನ್ನೊಬ್ಬರನ್ನು ತಾತ ಎಂದಾಗ ನಾವು ಸ್ವಲ್ಪ ಚಿಕ್ಕವರಾಗುತ್ತೇವಲ್ಲ, ಅದಕ್ಕೇ ಇರಬೇಕು.

ಎರಡು ಸಾವಿರದ ಹದಿನೈದರಲ್ಲಿ ಬ್ಯಾಂಕಿನವರು ನನಗೆ ಬಡ್ತಿ ಕೊಟ್ಟು ಭೀಮುನಿಪಟ್ಟಣದ ಶಾಖೆಗೆ ಮೇನೇಜರ್ ಮಾಡಿ ಕಳಿಸಿದರು. ಮಗಳ ಪಿಯುಸಿ ಇತ್ತು, ಹೆಂಡತಿ ಅವಳ ಜೊತೆ ದಾವಣಗೆರೆಯಲ್ಲೇ ಉಳಿದಳು. ನನಗೆ ಈಜು ಬಾರದು, ಮೀನು ಸೇರದು, ತೆಲುಗು ಆಗಿನ್ನೂ ಬರುತ್ತಿರಲಿಲ್ಲ. ಊರಿನ ಮುಂದೆ ಸಮುದ್ರ, ಹಿಂದೆ ಕೆಂಪು ಮಣ್ಣಿನ ದಿಬ್ಬ, ಪಕ್ಕದಲ್ಲಿ ಗೋಸ್ತನಿ ನದಿಯ ಬಾಯಿ. ಹುದ್‌ಹುದ್ ಚಂಡಮಾರುತಕ್ಕೆ ತಲೆ ಕಳೆದುಕೊಂಡ ತೆಂಗಿನ ಮರಗಳು ಕಿಟಕಿಯಾಚೆ ಕಂಬಗಳ ಹಾಗೆ ನಿಂತಿದ್ದವು. ಬೆಳಿಗ್ಗೆ ಎದ್ದು ಆ ಕಂಬಗಳನ್ನು ನೋಡಿದರೆ ಇದು ಊರೋ ಬಂದೀಖಾನೆಯೋ ಎಂದು ಒಂದು ಕ್ಷಣ ಗಲಿಬಿಲಿಯಾಗುತ್ತಿತ್ತು.

ತಿಂಗಳಿಗೊಮ್ಮೆ ಬಸ್ಸು ಹತ್ತಿ ವಿಶಾಖಪಟ್ಟಣದ ದೊಡ್ಡ ಕಚೇರಿಗೆ ಹೋಗುತ್ತಿದ್ದೆ. ಕಡಲ ರಸ್ತೆಯ ಉದ್ದಕ್ಕೂ ಹೇಳಬೇಕಾದ ಮಾತನ್ನು ಗಟ್ಟಿ ಮಾಡಿಕೊಳ್ಳುತ್ತಿದ್ದೆ: ಸಾರ್, ಕರ್ನಾಟಕದಲ್ಲಿ ಎಲ್ಲಿಯಾದರೂ ಸರಿ, ಮಂಗಳೂರಾದರೂ ಸರಿ. ಅಲ್ಲಿ ನಮ್ಮ ಕಡೆಯವರೇ ಒಬ್ಬ ಹಿರಿಯ ಅಧಿಕಾರಿ ಇದ್ದರು. ಅವರು ನಗುತ್ತ, "ಏನ್ರೀ ನೀವು, ಜನ ರಜಾ ಹಾಕಿ ಸಮುದ್ರ ನೋಡೋಕೆ ಬರ್ತಾರೆ. ನಿಮಗೆ ಸಂಬಳ ಕೊಟ್ಟು ತೋರಿಸ್ತಿದೀವಿ," ಎನ್ನುತ್ತಿದ್ದರು. ವಾಪಸು ಬರುವಾಗ ಬಸ್ಸಿನಲ್ಲಿ ಸಮುದ್ರದ ಕಡೆಯ ಸೀಟು ಸಿಕ್ಕಿದರೂ ನಾನು ಗುಡ್ಡದ ಕಡೆ ಕೂರುತ್ತಿದ್ದೆ. ನನ್ನ ಪ್ರತಿಭಟನೆ ಅಷ್ಟರಮಟ್ಟಿನದು.

ಸಕ್ಕರೆ ಕಾಯಿಲೆ ಬಂದೀತು ಎಂದು ಡಾಕ್ಟರ್ ಹೆದರಿಸಿದ್ದರು. ಹಾಗಾಗಿ ಬೆಳಿಗ್ಗೆ ದಂಡೆಯ ಮೇಲೆ ನಡೆಯುತ್ತಿದ್ದೆ. ನಡೆಯುತ್ತ ಹೆಂಡತಿಗೆ ಫೋನಿನಲ್ಲಿ ಗೋಳು ಹೇಳುತ್ತಿದ್ದೆ. ಒಂದು ದಿನ ಹಸಿರು ಬಲೆ ಕಟ್ಟಿದ ಬಿದಿರಿನ ಬೇಲಿಯ ಪಕ್ಕ ನಿಂತು ಜೋರಾಗಿಯೇ ಹೇಳಿಕೊಳ್ಳುತ್ತಿದ್ದೆ. ಫೋನ್ ಇಟ್ಟ ಮೇಲೆ ಬೇಲಿಯೊಳಗಿನಿಂದ ಒಂದು ದನಿ ಬಂತು.

"ಎಂತ ಬಾಬು, ನಿಮ್ಮದು ಕನ್ನಡವಾ?"

ತೆಳ್ಳಗಿನ ಕಪ್ಪು ಮುದುಕ, ಮಾಸಿದ ಲುಂಗಿ, ಹಗ್ಗ ಉಜ್ಜಿ ಉಜ್ಜಿ ಸವೆದ ಅಂಗೈ. ಬೆಸ್ತರವನು. ಹದಿನೇಳು ವರ್ಷ ಮಂಗಳೂರಿನ ಧಕ್ಕೆಯಲ್ಲಿ ಮೀನಿನ ಬೋಟುಗಳ ಮೇಲೆ ದುಡಿದು ಬಂದಿದ್ದನಂತೆ. ಅವನ ಕನ್ನಡ ಮಂಗಳೂರಿನದು, ಅದನ್ನು ಹೇಳುವ ರಾಗ ಮಾತ್ರ ಅಪ್ಪಟ ತೆಲುಗಿನದು.

"ಮತ್ತೆ ಎಲ್ಲ ಕೇಳಿಸಿತಾ?" ಎಂದೆ.

"ಕೇಳ್ಲಿಕ್ಕೆ ಎಂತ ಉಂಟು ಮಾರ್ರೆ? ಕೋಳಿ ಬುಟ್ಟಿಯಲ್ಲಿ ಸಿಕ್ಕಿ ಹಾಕ್ಕೊಂಡ ಹಾಗೆ ಕೂಗ್ತಿದ್ರಿ."

ನೂರಾರು ಮೈಲಿ ದೂರದಲ್ಲಿ ಯಾರೋ ಒಬ್ಬರು ನನ್ನನ್ನು ಕನ್ನಡದಲ್ಲಿ ಹಾಸ್ಯ ಮಾಡಿದರೆಂಬುದೇ ನನಗೆ ದೊಡ್ಡ ಸಮಾಧಾನವಾಯಿತು. ಮರುದಿನದಿಂದ ನನ್ನ ನಡಿಗೆ ಆ ಬೇಲಿಯ ತನಕ ಮಾತ್ರ. ಡಾಕ್ಟರ್ ಹೇಳಿದ ನಲವತ್ತು ನಿಮಿಷದಲ್ಲಿ ಮೂವತ್ತು ನಿಮಿಷ ಅಲ್ಲಿ ಕೂತೇ ಕಳೆಯುತ್ತಿದ್ದೆ.

ಚಳಿಗಾಲ ಕಳೆಯುತ್ತ ಬಂದಂತೆ ಆಮೆಗಳು ದಂಡೆ ಹತ್ತಿ ಮೊಟ್ಟೆಯಿಟ್ಟು ಹೋಗುತ್ತವೆ. ಟ್ರ್ಯಾಕ್ಟರ್ ಚಕ್ರ ಹಾದುಹೋದಂಥ ಅವುಗಳ ಜಾಡು ಹಿಡಿದು, ನಾಯಿಗಳಿಗೆ ಸಿಗುವ ಮೊದಲೇ ಮೊಟ್ಟೆ ತೆಗೆದು, ಬೇಲಿಯೊಳಗೆ ತಂದು ಮತ್ತೆ ಹೂಳುವುದು ತಾತನ ಕೆಲಸ. ಅರಣ್ಯದವರು ಆ ಐದಾರು ತಿಂಗಳಿಗೆ ಅವನನ್ನು ಇಟ್ಟುಕೊಂಡಿದ್ದರು. ಹೊಂಡ ತೋಡಲು ಅವನು ಸಲಿಕೆ ಮುಟ್ಟುತ್ತಿರಲಿಲ್ಲ. ಬೋರಲು ಮಲಗಿ, ಕೈಯನ್ನು ಮೊಣಕೈ ದಾಟುವ ತನಕ ಮರಳಿಗೆ ಇಳಿಸಿ ಬಾಚುತ್ತಿದ್ದ. "ತಾಯಿ ಹಿಂಗಾಲಲ್ಲಿ ಹೀಗೇ ತೋಡುದು ಬಾಬು. ಕೊಡದ ಹಾಗೆ. ಕುತ್ತಿಗೆ ಸಣ್ಣ, ಹೊಟ್ಟೆ ದೊಡ್ಡ."

ಮೊಟ್ಟೆಗಳು ಪಿಂಗ್‌ಪಾಂಗ್ ಚೆಂಡಿನಷ್ಟು. ಕೋಳಿಮೊಟ್ಟೆಯ ಗಡಸಿಲ್ಲ, ಒದ್ದೆ ಚರ್ಮದ ಹಾಗೆ, ಒತ್ತಿದರೆ ಕುಳಿ ಬೀಳುತ್ತದೆ. ಇಟ್ಟ ಎರಡು ಮೂರು ಗಂಟೆಯೊಳಗೆ ಜಾಗ ಬದಲಿಸಬೇಕು, ಆಮೇಲೆ ಅಲುಗಾಡಿಸಬಾರದು. ಒಳಗಿನ ಜೀವ ಮೊಟ್ಟೆಯ ಮೇಲ್ಭಾಗಕ್ಕೆ ಅಂಟಿಕೊಳ್ಳುತ್ತದೆ, ಅಂಟಿಕೊಂಡ ಕಡೆ ಒಂದು ಬಿಳಿ ಬೊಟ್ಟು ಮೂಡಿ ಹರಡುತ್ತದೆ. ಆ ಮೇಲೆ ಹೊರಳಿಸಿದರೆ ಮುಗಿಯಿತು. ನಾನೊಮ್ಮೆ ಕುತೂಹಲಕ್ಕೆ ಒಂದನ್ನು ತಿರುಗಿಸಿ ನೋಡಲು ಕೈ ಚಾಚಿದಾಗ ಮಣಿಕಟ್ಟು ಹಿಡಿದುಕೊಂಡ. "ತೊಟ್ಟಿಲಲ್ಲಿರೋ ಮಗುವನ್ನು ತಲೆಕೆಳಗೆ ಮಾಡಿ ನೋಡ್ತೀರಾ?"

ಬಿಸಿಲು ಹೆಚ್ಚಾದರೆ ಗೂಡಿನ ತುಂಬ ಹೆಣ್ಣೇ, ತಂಪಾದರೆ ಗಂಡೇ ಎಂದು ಅವನಿಂದಲೇ ತಿಳಿಯಿತು. ಇನ್ನೂ ಒಂದು ಮಾತು ಹೇಳಿದ್ದ. "ಮೊಟ್ಟೆ ಉಸಿರಾಡ್ತದೆ ಬಾಬು. ಈ ಮರಳಿನ ಕಣ ಉಂಟಲ್ಲ, ಕಣದ ಮಧ್ಯೆ ಗಾಳಿ ಓಡಾಡ್ತದೆ. ಮೇಲಿನ ಮರಳು ಒಣಗಿರಬೇಕು, ಅಡಿಯ ಮರಳಿಗೆ ಅದರದ್ದೇ ತಂಪು ಉಂಟು. ನಾವು ಎಂತದೂ ಮಾಡ್ಲಿಕ್ಕಿಲ್ಲ. ಸುಮ್ಮನೆ ಕಾಯುದು."

ಈ ಮಾತನ್ನು ನಾನು ಎರಡೂ ಕಿವಿಯಿಂದ ಕೇಳಿದ್ದೆ. ಆದರೆ ಸುಮ್ಮನೆ ಕಾಯುವುದೊಂದು ಬಿಟ್ಟು ಬೇರೆ ಏನನ್ನಾದರೂ ಮಾಡಬಲ್ಲ ಮನಸ್ಸು ನನ್ನದು.

ಹರೆಯದಲ್ಲಿ ಅವನೂ ಇದೇ ದಂಡೆಯಲ್ಲಿ ಬುಟ್ಟಿಗಟ್ಟಲೆ ಆಮೆಮೊಟ್ಟೆ ತೋಡಿ ಮಾರಿದವನೇ. ಅದನ್ನು ಮುಚ್ಚಿಡುತ್ತಿರಲಿಲ್ಲ. ಗೂಡು ಎಲ್ಲಿದೆಯೆಂದು ಅವನಷ್ಟು ಬಲ್ಲವರು ಇಲ್ಲವೆಂದೇ ಅರಣ್ಯದವರು ಅವನನ್ನು ಕರೆದದ್ದು. "ಕದ್ದವನಿಗೇ ಕಾವಲು," ಎಂದು ನಗುತ್ತಿದ್ದ. ಆಮೇಲೆ ನಗು ನಿಲ್ಲಿಸಿ, "ಒಂದು ಗೂಡು ಹಾಳಾದರೆ ಸಾಕು, ಹಳೇ ಕಳ್ಳ ಅಂತ ಬೇಲಿಯಿಂದ ಆಚೆ ಹಾಕ್ತಾರೆ. ಮತ್ತೆ ಬೋಟೇ ಗತಿ. ಈ ಮೊಣಕಾಲಲ್ಲಿ ಇನ್ನು ಬೋಟು ಆಗುದಿಲ್ಲ ಬಾಬು," ಎನ್ನುತ್ತಿದ್ದ.

ಹದಿನಾರನೇ ಇಸವಿಯ ಯುಗಾದಿ ಶುಕ್ರವಾರ ಬಂದಿತ್ತು. ಮೇಲೆ ಎರಡನೇ ಶನಿವಾರ, ಭಾನುವಾರ. ಮೂರು ದಿನ ಬ್ಯಾಂಕಿಗೆ ರಜೆ, ಆದರೆ ನನ್ನ ರೈಲು ಟಿಕೇಟು ವೇಟಿಂಗ್ ಲಿಸ್ಟಿನಲ್ಲೇ ಸತ್ತಿತು. ರೂಮಿನಲ್ಲಿ ಒಬ್ಬನೇ ಬೇವು ಬೆಲ್ಲ ತಿನ್ನುವುದೋ ಬೇಡವೋ ಎಂದು ಯೋಚಿಸುತ್ತಿರುವಾಗ ತಾತ ಬಂದ. ಶ್ರೀಕಾಕುಳಂ ಕಡೆಯ ಹಳ್ಳಿಯಲ್ಲಿ ಅವನ ಅಕ್ಕ ತೀರಿಕೊಂಡಿದ್ದಳು. ಕೇಳಿದರೆ ರಜೆ ಕೊಡುವುದಿಲ್ಲ, ಕೇಳದೆ ಹೋಗುತ್ತಿದ್ದ. ರಾತ್ರಿ ಅವನ ಭಾವಮೈದುನ ಬೇಲಿಯಲ್ಲಿ ಮಲಗುತ್ತಾನೆ, ಹಗಲು ನಾನು ನೋಡಿಕೊಂಡರೆ ಸಾಕು.

"ನಾಯಿ ಬಂದರೆ ಓಡಿಸಿ. ಇನ್ನೆಂತ ಮಾಡ್ಬೇಡಿ ಬಾಬು," ಎಂದ. ಬಾಗಿಲ ತನಕ ಹೋಗಿ, ತಿರುಗಿ ನಿಂತು ಇನ್ನೊಮ್ಮೆ ಹೇಳಿದ. "ಇನ್ನೆಂತ ಮಾಡ್ಬೇಡಿ, ಆಯ್ತಾ?"

ಅವನಿಗೆ ನಾನು ಆಗಲೇ ಗೊತ್ತಿದ್ದೆ ಅನ್ನಿಸುತ್ತದೆ.

ಬೇಲಿಯೊಳಗೆ ಇಪ್ಪತ್ತೆರಡು ಗೂಡುಗಳಿದ್ದವು. ಒಂದೊಂದರ ತಲೆಗೂ ಒಂದು ಬಿದಿರ ಕಡ್ಡಿ, ಅದರ ಮೇಲೆ ಗೂಡಿನ ನಂಬರು, ಹೂತ ದಿನ, ಮೊಟ್ಟೆಯ ಲೆಕ್ಕ ಬರೆದ ಸಣ್ಣ ಹಲಗೆ. ಹನ್ನೊಂದನೆಯದು ಪಡುವಣ ಅಂಚಿನಲ್ಲಿ, ಸ್ವಲ್ಪ ತಗ್ಗಿನಲ್ಲಿತ್ತು. ಮೇಲಿನ ನೆರಳಿನ ಬಲೆ ಅಲ್ಲಿ ಹರಿದಿತ್ತು. ಯುಗಾದಿಯ ಮಧ್ಯಾಹ್ನ ಚಪ್ಪಲಿ ಬಿಟ್ಟು ಅಲ್ಲಿ ಕಾಲಿಟ್ಟೆ, ಸುಟ್ಟುಕೊಂಡೆ. ನನ್ನ ಕಾಲೇ ಹೀಗಾದರೆ ಒಳಗಿರುವ ನೂರಾ ಹನ್ನೆರಡು ಜೀವಗಳ ಗತಿ? ಫೋನಿನಲ್ಲಿ ಹುಡುಕಿದೆ. ಮರಳು ಅತಿಯಾಗಿ ಕಾದರೆ ಮೊಟ್ಟೆ ಸಾಯುತ್ತದೆ ಎಂದು ಅದರಲ್ಲಿತ್ತು. ಎಷ್ಟು ಕಾದರೆ ಅತಿ ಎಂದೂ ಇತ್ತು. ಚಿಂತೆ ಮಾಡುವವರು ಅಷ್ಟು ದೂರ ಓದುವುದಿಲ್ಲ.

ನನಗೆ ಹೊಳೆದದ್ದು ನಮ್ಮ ಮನೆಯ ಹರವಿ. ಮರಳಿಗೆ ನೀರು ಹಾಕಿದರೆ ತಂಪಾಗುತ್ತದೆ. ತಂಪಿಗೆ ಮೆಂತ್ಯವೇ ಮೊಳೆಯುತ್ತದೆ, ಇನ್ನು ಮೊಟ್ಟೆ ಚಿಗುರದೆ ಇರುತ್ತದೆಯೇ? ದಂಡೆಯ ಕೊಳಾಯಿಯಿಂದ ಎರಡು ಬಕೆಟ್ ತಂದು ಸುರಿದೆ. ಮರಳು ಚುಯ್ ಎಂದು ಕುಡಿಯಿತು, ಆ ವಾಸನೆ ಬಂತು... ನಮ್ಮ ಅಡುಗೆಮನೆಯ ಮೂಲೆಯ ವಾಸನೆ. ಆ ಊರಿಗೆ ಹೋದ ಮೇಲೆ ಮೊದಲ ಸಲ ಮನೆಯಲ್ಲಿ ಇದ್ದ ಹಾಗೆನಿಸಿತು. ಸಂಜೆ ಮತ್ತೆ ಎರಡು ಬಕೆಟ್. ತೇವ ಆರದಿರಲಿ ಎಂದು ಗೋಣಿಚೀಲ ನೆನೆಸಿ ಹಾಸಿದೆ. ಗೋಣಿ ಆರದಿರಲಿ ಎಂದು ಅದರ ಮೇಲೊಂದು ಪ್ಲಾಸ್ಟಿಕ್ ಹಾಳೆ ಹೊದಿಸಿ, ಗಾಳಿಗೆ ಹಾರದಿರಲಿ ಎಂದು ಸುತ್ತ ಕಲ್ಲಿಟ್ಟೆ. ಯಾವುದನ್ನೂ ಅರ್ಧಕ್ಕೆ ಬಿಡುವವನಲ್ಲ ನಾನು. ಮೂರು ದಿನ ಹೀಗೆ ನಡೆಯಿತು; ಕತ್ತಲಾದ ಮೇಲೆ ಬಂದು ಬೆಳಕಾಗುವ ಮೊದಲೇ ಹೋಗುತ್ತಿದ್ದ ಭಾವಮೈದುನನ ಕಣ್ಣಿಗೆ ಇದು ಬೀಳಲಿಲ್ಲ. ನಾಯಿ ಒಂದೂ ಬರಲಿಲ್ಲ. ಹಗಲು ಅಲ್ಲಿಂದ ನಿಜವಾಗಿ ಓಡಿಸಬೇಕಾಗಿದ್ದದ್ದು ನನ್ನೊಬ್ಬನನ್ನೇ.

ಭಾನುವಾರ ಸಂಜೆ ಹಾಳೆ, ಗೋಣಿ, ಕಲ್ಲು ಎಲ್ಲ ತೆಗೆದು, ಮೇಲೆ ಒಣ ಮರಳು ಸವರಿ ಸಮ ಮಾಡಿದೆ. ಈ ತೆಗೆದದ್ದನ್ನೇ ಎಷ್ಟೋ ಸಲ ಯೋಚಿಸಿದ್ದೇನೆ. ಮಾಡಿದ್ದು ಸರಿಯೆಂದು ನಂಬಿದವನು ಗುರುತು ಯಾಕೆ ಅಳಿಸುತ್ತಾನೆ?

ಸೋಮವಾರ ಬೆಳಿಗ್ಗೆ ತಾತ ಬಂದಿದ್ದ. ಒಂದೊಂದೇ ಗೂಡಿನ ಮೇಲೆ ಅಂಗೈಯಿಟ್ಟು ಬರುತ್ತಿದ್ದವನು ಹನ್ನೊಂದರ ಬಳಿ ಕೂತ. ಬೆರಳು ಇಳಿಸಿ ಒಂದು ಚಿಟಿಕೆ ಮರಳು ತೆಗೆದು ಮೂಸಿದ.

"ಮಳೆ ಬಂತಾ ಬಾಬು?"

ಇಲ್ಲ ಎಂಬ ಎರಡಕ್ಷರ ಸಾಕಾಗಿತ್ತು. "ಹ್ಞೂಂ," ಎಂದೆ.

ಅವನು ಆಕಾಶ ನೋಡಿದ. ಆಮೇಲೆ ಪಕ್ಕದ ಹನ್ನೆರಡನೇ ಗೂಡಿನ ಮೇಲೆ ಕೈಯಿಟ್ಟ. ಅಲ್ಲಿ ಮರಳು ಒಣಗಿ ರವೆಯ ಹಾಗೆ ಉದುರುತ್ತಿತ್ತು.

"ಎಷ್ಟು ಬಂತು? ಜೋರಾ? ಸರಿ ಹೇಳಿ ಬಾಬು. ಎಷ್ಟು ಅಂತ ಗೊತ್ತಾದರೆ ನನಗೆ ಮಾಡ್ಲಿಕ್ಕೆ ದಾರಿ ಉಂಟು."

"ಜೋರಿಲ್ಲ... ನಾಲ್ಕು ಹನಿ."

"ನಾಲ್ಕು ಹನಿ," ಎಂದು ತಾನೂ ಒಮ್ಮೆ ಹೇಳಿಕೊಂಡ. "ಹೌದೌದು, ಈ ಕಡೆ ಮಳೆ ಹಾಗೇ. ಒಬ್ಬರ ಮನೆ ಮೇಲೆ ಬೀಳುದು, ಪಕ್ಕದ ಮನೆಗೆ ಇಲ್ಲ."

ನಾಲ್ಕು ಹನಿಗೆ ಎಷ್ಟು ಬೇಕೋ ಅಷ್ಟು ಮಾಡಿದ. ಮೇಲಿನ ಒಂದು ಗೇಣು ಮರಳು ತೆಗೆದು ಒಣ ಮರಳು ತುಂಬಿದ. ಹನ್ನೆರಡು ಬಕೆಟ್ ಎಂದು ನಾನು ಹೇಳಿದ್ದರೆ ಗೂಡಿನ ಕುತ್ತಿಗೆಯ ತನಕ ಇಳಿಯುತ್ತಿದ್ದ. ಮೊಟ್ಟೆ ಅಲುಗದ ಹಾಗೆ ಒದ್ದೆಯನ್ನೆಲ್ಲ ಬದಿಯಿಂದ ಬಿಡಿಸುತ್ತಿದ್ದ. ಅವನ ಕೈಗೆ ಅದು ಬರುತ್ತಿತ್ತು. ಮಾಡಬೇಕಾದ್ದು ಎಷ್ಟು ಎಂಬುದಷ್ಟೇ ನನ್ನಿಂದ ಬೇಕಾಗಿತ್ತು.

ಅಲ್ಲಿಂದ ಮುಂದೆ ನಾನೂ ಆ ಮರಳಿನೊಳಗೇ ಇದ್ದೆ. ಬ್ಯಾಂಕಿನಲ್ಲಿ ಕೂತರೂ, ರೂಮಿನಲ್ಲಿ ಮಲಗಿದರೂ, ಮೇಲೆ ಒಂದು ಮೊಳ ಮರಳಿನ ಭಾರ. ದಿನಾ ಬೆಳಿಗ್ಗೆ ಇವತ್ತು ಹೇಳಿಬಿಡುತ್ತೇನೆ ಎಂದು ಹೊರಡುತ್ತಿದ್ದೆ. ತಾತ ಮೊದಲಿನ ಹಾಗೇ ಬಲೆಯ ಬಾಗಿಲು ಎತ್ತಿ, "ಬನ್ನಿ ಮೇನೇಜರ್ ಬಾಬು," ಎನ್ನುತ್ತಿದ್ದ. ಬೈದಿದ್ದರೆ ಹೇಳುವುದು ಸುಲಭವಾಗುತ್ತಿತ್ತು. ಅವನು ಟೀ ಕೊಡುತ್ತಿದ್ದ.

ಏಪ್ರಿಲ್ ಕೊನೆಗೆ ಗೂಡುಗಳು ಒಂದೊಂದಾಗಿ ಬಾಯಿಬಿಟ್ಟವು. ಮೊದಲು ನಡುವಿನ ಮರಳು ಬಟ್ಟಲಿನ ಹಾಗೆ ಕುಸಿಯುತ್ತದೆ. ಎರಡು ಮೂರು ದಿನ ಏನೂ ಇಲ್ಲ. ಆಮೇಲೊಂದು ತಂಪು ಹೊತ್ತಿನಲ್ಲಿ, ಬೆಳಕು ಹರಿಯುವ ಮೊದಲು, ಕುದಿಯುವ ಪಾತ್ರೆಯ ಹಾಗೆ ಮರಳು ಉಕ್ಕಿ ನೂರು ಕಪ್ಪು ಮರಿಗಳು ಒಂದರ ಮೇಲೊಂದು ಬಿದ್ದು ಹೊರಗೆ ಬರುತ್ತವೆ. ತಾತ ಅವುಗಳ ಮೇಲೆ ಮೊದಲೇ ಬುಟ್ಟಿ ಕವಿಚಿಟ್ಟಿರುತ್ತಿದ್ದ, ಕಾಗೆಗೆ ಸಿಗದಿರಲಿ ಎಂದು.

"ಮೂಗಿನ ತುದಿಯಲ್ಲಿ ಸಣ್ಣ ಮುಳ್ಳು ಉಂಟು, ಅದರಲ್ಲಿ ಮೊಟ್ಟೆ ಹರಿಯುದು," ಎಂದು ವಿವರಿಸುತ್ತಿದ್ದ. "ಹರಿದ ಮೇಲೆ ಕೂಡಲೇ ಬರುದಿಲ್ಲ. ಉಳಿದವರಿಗೆ ಕಾಯ್ತವೆ. ಎಲ್ಲ ಒಟ್ಟಿಗೆ ಕೈಕಾಲು ಆಡಿಸಬೇಕು. ಆಗ ತಲೆ ಮೇಲಿನ ಮರಳು ಉದುರಿ ಕೆಳಗೆ ಬೀಳ್ತದೆ. ಅದನ್ನೇ ಮೆಟ್ಟಿ ಎಲ್ಲ ಸ್ವಲ್ಪ ಮೇಲೆ. ಮತ್ತೆ ಉದುರಿಸುದು, ಮತ್ತೆ ಮೇಲೆ. ಲಿಫ್ಟಿನ ಹಾಗೆ."

"ಒಂದೇ ಮರಿ ಇದ್ದರೆ?"

"ಒಂದಕ್ಕೆ ಆಗುದಿಲ್ಲ ಬಾಬು. ಅಲ್ಲೇ ಇರ್ತದೆ."

ಹತ್ತು ತೆರೆಯಿತು, ಹನ್ನೆರಡು ತೆರೆಯಿತು, ಅವುಗಳಿಗಿಂತ ತಡವಾಗಿ ಹೂತ ಹದಿನಾಲ್ಕೂ ತೆರೆಯಿತು. ಹನ್ನೊಂದರ ಮೇಲೆ ಇಟ್ಟ ಬುಟ್ಟಿ ಹಾಗೇ ಇತ್ತು. ಐವತ್ತು ದಿನ, ಐವತ್ತೈದು. ತಾತ ಆ ಮರಳಿಗೆ ಕಿವಿಯಿಟ್ಟು ಕೇಳುತ್ತಿದ್ದ.

ಅರವತ್ತನೆಯ ದಿನದ ಬೆಳಿಗ್ಗೆ ಅರಣ್ಯದ ಬೀಟ್ ಆಫೀಸರು ಬಂದರು. ಗೂಡು ತೆರೆದು ನೋಡಬೇಕೆಂಬ ನಿಯಮ. ನಾನು ಬೇಲಿಯ ಹೊರಗೆ ಬಲೆ ಹಿಡಿದು ನಿಂತಿದ್ದೆ. ಬೆವರಿಗೆ ಬಲೆಯ ಹಸಿರು ಬಣ್ಣ ಅಂಗೈಗೆ ಹತ್ತಿತ್ತು. ತಾತ ಬೋರಲು ಮಲಗಿ ಬಗೆದ. ಒಂದು ಗೇಣು ಇಳಿದ ಮೇಲೆ ಮರಳು ಪುಡಿಯಾಗಿ ಬರಲಿಲ್ಲ, ಹೆಂಟೆಯಾಗಿ ಬಂತು. ಆಮೇಲೆ ನಾತ. ಹಸಿರುಗಪ್ಪು ಬೂಸ್ಟು ಹಿಡಿದು ಕುಸಿದ ಮೊಟ್ಟೆಗಳು, ಒಂದಕ್ಕೊಂದು ಅಂಟಿಕೊಂಡು. ಅವನು ಒಂದೊಂದಾಗಿ ತೆಗೆದು ಸಾಲಾಗಿ ಇಟ್ಟ, ಅವುಗಳನ್ನು ಈಗಲೂ ಹೊರಳಿಸದೆ.

"ಏಮಯ್ಯಾ ತಾತಾ, ಇದು ನೀರು ನಿಂತ ಗೂಡು," ಎಂದರು ಆಫೀಸರು ತೆಲುಗಿನಲ್ಲಿ. "ಏನು ಮಾಡಿದೆ ಇದಕ್ಕೆ? ಎಲ್ಲಿಗೆ ಹೋಗಿದ್ದೆ?"

ತಾತ ಕೈ ಒರೆಸಿಕೊಂಡ. "ಮಳೆ ಬಂದಿತ್ತು ಸಾರ್. ಯುಗಾದಿ ಹೊತ್ತಿಗೆ. ಮೇನೇಜರ್ ಬಾಬು ನೋಡಿದ್ದಾರೆ, ಕೇಳಿ."

ನನ್ನ ಸುಳ್ಳನ್ನು ಅವನು ಒಂದು ತಿಂಗಳು ಜೋಪಾನವಾಗಿ ಇಟ್ಟುಕೊಂಡು, ಆ ಬೆಳಿಗ್ಗೆ ನನ್ನ ಕೈಗೇ ವಾಪಸು ಕೊಟ್ಟಿದ್ದ. ನಿಜ ಹೇಳಲು ಬಾಗಿಲು ತೆರೆದದ್ದೋ, ನನ್ನನ್ನು ಉಳಿಸಲು ಬಾಗಿಲು ಮುಚ್ಚಿದ್ದೋ, ನನಗೆ ಇವತ್ತಿಗೂ ತಿಳಿಯದು. ಆಫೀಸರು ನನ್ನ ಕಡೆ ತಿರುಗಿದರು. "ನಿಜವಾ ಸಾರ್?"

ನಿಜ ಹೇಳಿದರೆ ಅವನು ಕೇಳದ ರಜೆ ಬಯಲಾಗುತ್ತದೆ, ಹೊರಗಿನವನನ್ನು ಬೇಲಿಯೊಳಗೆ ಬಿಟ್ಟದ್ದು ಬಯಲಾಗುತ್ತದೆ, ಅವನಿಗೇ ಇನ್ನೂ ಕೆಡುಕು... ಹೀಗೆಲ್ಲ ಆಗ ಯೋಚಿಸಿದೆ ಎಂದು ನನಗೆ ನಾನೇ ಬಹಳ ದಿನ ಹೇಳಿಕೊಂಡಿದ್ದೇನೆ. ನಡೆದದ್ದು ಅಷ್ಟು ದೊಡ್ಡದಲ್ಲ. ನನಗೆ ಹೆದರಿಕೆಯಾಯಿತು.

"ಹೌದು," ಎಂದೆ. "ನಾಲ್ಕು ಹನಿ."

ಆಫೀಸರು ನಕ್ಕುಬಿಟ್ಟರು. "ನಾಲ್ಕು ಹನಿಗೆ ಗೂಡು ಕೊಳೆಯುತ್ತದಾ ಸಾರ್? ಇವನ ಪರ ಮಾತಾಡಬೇಡಿ. ಹಳೇ ಕಳ್ಳ, ಎಲ್ಲೋ ಕುಡಿದು ಬಿದ್ದಿದ್ದಾನೆ." ಪುಸ್ತಕದಲ್ಲಿ ಏನೋ ಬರೆದುಕೊಂಡರು. ಸುಳ್ಳಿನಲ್ಲೂ ಕೈ ಬಿಗಿ ಹಿಡಿದವನು ನಾನು. ಜೋರು ಮಳೆ ಎಂದು ಬಾಯ್ತುಂಬ ಹೇಳಿದ್ದರೂ ಅವನಿಗೆ ಒಂದಿಷ್ಟು ನೆರಳಾಗುತ್ತಿತ್ತೋ ಏನೋ.

ಆಗ ತಾತ, "ಶ್!" ಎಂದ. ಅವನ ಕೈ ಮತ್ತೆ ಗೂಡಿನ ಬದಿಗೆ ಇಳಿದಿತ್ತು. ಮೆಲ್ಲಗೆ ತೆಗೆದ. ಅಂಗೈ ಮೇಲೆ ಒಂದು ಮರಿ, ಕಣ್ಣಿನ ತುಂಬ ಮರಳು, ಮುಂಗಾಲು ಆಡಿಸುತ್ತಿತ್ತು. ಮತ್ತೆ ಕೈ ಇಳಿಸಿದ. ಇನ್ನೊಂದು. ನೀರು ಇಳಿಯದ ಅಂಚಿನ ಒಣ ಮರಳಿನಲ್ಲಿ ಒಟ್ಟು ಏಳು ಇದ್ದವು.

"ಏಳು ಬಾಬು," ಎಂದ ನನ್ನನ್ನು ನೋಡಿ, ಕನ್ನಡದಲ್ಲಿ. "ಎಷ್ಟು ದಿನದಿಂದ ಒದ್ದಾಡ್ತಿದ್ದವೋ. ಮೇಲೆ ಬರ್ಲಿಕ್ಕೆ ಜನ ಸಾಲ್ಲಿಲ್ಲ."

ಅವನ್ನು ನೀರಿಗೆ ಹಾಕಲಿಲ್ಲ. ಅವೇ ನಡೆದು ಹೋಗಬೇಕಂತೆ. ದಂಡೆಯ ಒದ್ದೆ ಮರಳಿನ ಮೇಲೆ ಬಿಟ್ಟ. ಏಳೂ ಸ್ವಲ್ಪ ಹೊತ್ತು ಸುಮ್ಮನಿದ್ದು, ಆಮೇಲೆ ಸಮುದ್ರದ ಬೆಳಕಿಗೆ ಮುಖ ಮಾಡಿ ತೆವಳತೊಡಗಿದವು. ಒಂದನ್ನು ಅಲೆ ಎರಡು ಸಲ ಹಿಂದಕ್ಕೆ ಎಸೆಯಿತು. ಮೂರನೇ ಸಲ ಅದೂ ಕಾಣಲಿಲ್ಲ. ತಾತ ಮೊಣಕಾಲು ಹಿಡಿದುಕೊಂಡು ಎದ್ದು ಬೇಲಿಯ ಕಡೆ ನಡೆದ. ನಾನು ರೂಮಿಗೆ ಹೋಗಿ, ಸ್ನಾನ ಮಾಡಿ, ಹತ್ತಕ್ಕೆ ಸರಿಯಾಗಿ ಬ್ಯಾಂಕಿನಲ್ಲಿ ಕೂತೆ.

ಮುಂದಿನ ಚಳಿಗಾಲಕ್ಕೆ ದಂಡೆಯ ಮೇಲೆ ಹೊಸ ಬೇಲಿ ಬಂತು. ಒಳಗೆ ಬೇರೆ ಯಾರೋ ಇದ್ದರು. ತಾತ ಒಂದು ಮಧ್ಯಾಹ್ನ ಬ್ಯಾಂಕಿಗೆ ಬಂದು ನನ್ನ ಮೇಜಿನ ಮುಂದೆ ನಿಂತ. ಇಸ್ತ್ರಿ ಮಾಡಿದ ಅಂಗಿ, ಕೈಯಲ್ಲೊಂದು ಚೀಲ. ಬೋಟಿನಲ್ಲಿ ಅಡುಗೆಗೆ ಜನ ಬೇಕಂತೆ, ಮಂಗಳೂರಿಗೆ ಹೊರಟಿದ್ದ.

"ನಿಮ್ಮ ರಾಜ್ಯಕ್ಕೆ ನನಗೆ ಟ್ರಾನ್ಸ್‌ಫರ್ ಸಿಕ್ಕಿತು ಬಾಬು," ಎಂದು ಹಲ್ಲು ಬಿಟ್ಟ. "ಹೆಂಡತಿಗೆ ಎಂತಾದ್ರೂ ಹೇಳ್ಬೇಕಾ?"

ನಾನು ಎದ್ದು ನಿಂತೆ. "ತಾತಾ, ಆ ಯುಗಾದಿ ದಿನ..." ಎಂದು ಶುರು ಮಾಡಿದೆ. ಅಷ್ಟರಲ್ಲಿ ಯಾರೋ ಸಹಿಗೆ ಕಾಗದ ಚಾಚಿದರು. ಸಹಿ ಮಾಡಿ ತಲೆ ಎತ್ತುವ ಹೊತ್ತಿಗೆ ಅವನು ಬಾಗಿಲಲ್ಲಿದ್ದ, ಅಲ್ಲಿಂದಲೇ ಕೈ ಎತ್ತಿದ. ಸಹಿ ನಿಧಾನವಾಗಿಯೇ ಮಾಡಿದ್ದೆ ಎಂಬುದನ್ನೂ ಇಲ್ಲಿ ಬರೆದುಬಿಡುತ್ತೇನೆ.

ಆಮೇಲೆ ಅಪರೂಪಕ್ಕೊಮ್ಮೆ ಮಂಗಳೂರಿನ ನಂಬರಿನಿಂದ ಫೋನ್ ಬರುತ್ತಿತ್ತು. ಹಲೋ ಎನ್ನುತ್ತಿರಲಿಲ್ಲ. "ಎಂತ ಬಾಬು, ಮಳೆ ಉಂಟಾ ಅಲ್ಲಿ?" ಎಂದೇ ಶುರು. ಹಿಂದೆ ಇಂಜಿನ್ನಿನ ಸದ್ದು, ನಗುವ ಸದ್ದು. ನಾನೂ ನಗುತ್ತಿದ್ದೆ. "ಇಲ್ಲ ತಾತಾ, ಬಿಸಿಲು," ಎನ್ನುತ್ತಿದ್ದೆ. ಒಮ್ಮೆ ಜುಲೈಯಲ್ಲಿ, "ಇಲ್ಲಿ ಜೋರು ಬರ್ತಾ ಉಂಟು. ಇಲ್ಲಿಯ ಮಳೆ ಒಳ್ಳೆಯದು ಬಾಬು, ಎಲ್ಲರ ಮೇಲೂ ಬೀಳ್ತದೆ," ಎಂದ. ಆ ದಿನವಾದರೂ ಹೇಳಬಹುದಿತ್ತು. ಅವನು ಫೋನಿನಲ್ಲಿ ಸ್ವಲ್ಪ ಹೊತ್ತು ಸುಮ್ಮನೆ ಕಾದಿದ್ದ ಕೂಡ...

ಹದಿನೆಂಟರಲ್ಲಿ ನನಗೆ ಕೊನೆಗೂ ವರ್ಗವಾಯಿತು, ವಿಜಯವಾಡಕ್ಕೆ. ನಾನು ಕೇಳಿದ ಮಂಗಳೂರಿನಲ್ಲಿ ಅವನಿದ್ದ. ಅವನಿಗೆ ಬೇಕಿದ್ದ ಆಂಧ್ರದಲ್ಲಿ ನಾನು ಉಳಿದೆ. ಮಗಳು ಹಾಸ್ಟೆಲ್ ಸೇರಿದ್ದರಿಂದ ಹೆಂಡತಿ ಇಲ್ಲಿಗೆ ಬಂದಳು. ಈ ವರ್ಷದ ಮೊದಲಲ್ಲಿ ಭೀಮುನಿಪಟ್ಟಣದ ಶಾಖೆಯ ಅಟೆಂಡರ್ ಬೇರೇನೋ ಕೆಲಸಕ್ಕೆ ಫೋನ್ ಮಾಡಿದ್ದ. ಇಡುವ ಮೊದಲು, "ಗುಡ್ಲ ತಾತ ಹೋಗಿಬಿಟ್ಟ ಸಾರ್, ಗೊತ್ತಾಯ್ತಾ? ಮಂಗಳೂರಲ್ಲೇ. ಜ್ವರವಂತೆ," ಎಂದ. ಆ ನಂಬರಿಗೆ ಮಾಡಿ ನೋಡಿದೆ. ನೀವು ಕರೆ ಮಾಡಿದ ಸಂಖ್ಯೆ ಚಾಲ್ತಿಯಲ್ಲಿಲ್ಲ ಎಂದು ಒಬ್ಬಳು ಹೆಣ್ಣುಮಗಳು ಸ್ವಚ್ಛ ಕನ್ನಡದಲ್ಲಿ ಹೇಳಿದಳು. ಎರಡು ಸಲ ಕೇಳಿಸಿಕೊಂಡೆ.

"ಸಾಕು ಬಿಡ್ರೀ, ಎಷ್ಟು ನೀರು ಹಾಕ್ತೀರ?" ನನಗೆ ತಿಳಿಯದೆಯೇ ಚೊಂಬಿನ ಮೇಲೆ ಚೊಂಬು ಸುರಿಯುತ್ತಿದ್ದೆ; ಹೆಂಡತಿ ಬಂದು ಹರವಿಯ ಪಕ್ಕ ನಿಂತಿದ್ದಳು. "ಮೆಂತ್ಯ ಉಸಿರು ಕಟ್ಟಿ ಕೊಳೆತು ಹೋಗುತ್ತೆ."

ನಮ್ಮ ಮನೆಯಲ್ಲಿ ಅದು ಮೊದಲಿನಿಂದಲೂ ಗೊತ್ತಿದ್ದ ಸಂಗತಿ. ಹರವಿಯ ಕೆಲಸ ಮಾಡುತ್ತಿದ್ದದ್ದು ಅವ್ವ, ಆಮೇಲೆ ಇವಳು. ನಾನು ದೂರದಿಂದ ವಾಸನೆ ಮಾತ್ರ ತೆಗೆದುಕೊಂಡವನು.

"ಅವತ್ತು ಮಳೆ ಬಂದಿರಲಿಲ್ಲ," ಎಂದೆ.

"ಯಾವತ್ತು?"

"ಯುಗಾದಿ ದಿನ. ಭೀಮುನಿಪಟ್ಟಣದಲ್ಲಿ. ಬಂತು ಅಂತ ಹೇಳಿದ್ದೆ."

ಅವಳು ನನ್ನ ಮುಖ ನೋಡಿದಳು. ಕೈಯಿಂದ ಚೊಂಬು ತೆಗೆದುಕೊಂಡಳು. "ಯುಗಾದಿ ಬಿಸಿಲಲ್ಲಿ ಮಳೆ ಬಂತು ಅಂದ್ರೆ ಯಾರು ನಂಬಿದ್ರು?"

ಯಾರೂ ನಂಬಿರಲಿಲ್ಲ. ಒಬ್ಬ ಮಾತ್ರ, ನಂಬದೆಯೇ, ಅದನ್ನು ಹೊತ್ತುಕೊಂಡು ಹೋದ.

ಇವತ್ತಿಗೆ ಆರು ದಿನ. ಹರವಿಯ ಆ ಬದಿಯಲ್ಲಿ ಮೆಂತ್ಯ ಬೆರಳುದ್ದ ಬಂದಿದೆ. ನಾನು ಕೂತಿದ್ದ ಬದಿಯಲ್ಲಿ ಮರಳು ಕಪ್ಪಾಗಿ ಹಾಗೇ ಇದೆ.